ಕರಸ್ಥಲದ ಅನ್ಯದೈವ

ವೀರಶೈವಧರ್ಮದಲ್ಲಿ ಕರಸ್ಥಲದ ಮಹಿಮೆಯು ಅಸಾಧಾರಣವಾದುದು. ಶ್ರೀಗುರುವು ದೀಕ್ಷಾಕಾಲದಲ್ಲಿ ಶಿಷ್ಯನ ಮಸ್ತಕದ ಮೇಲೆ ಹಸ್ತವನ್ನಿರಿಸಿ, ಅಲ್ಲಿರುವ ಚಿತ್ಕಳೆಯನ್ನು ಇಷ್ಟಲಿಂಗದಲ್ಲಿ ನೆಲೆಗೊಳಿಸಿ, ಆ ಲಿಂಗವನ್ನು ಅವನ ಅಂಗೈಯಲ್ಲಿ ಅನುಗ್ರಹಿಸುತ್ತಾನೆ. ಅಂದಿನಿಂದ ಆ ಅಂಗೈಯು ಪರಶಿವನ ಪೀಠವಾಗುತ್ತದೆ. ಗುಡಿಯ ಬಾಗಿಲಿನಿಂದ ದೂರವಿರಿಸಲ್ಪಟ್ಟವರಿಗೂ, ಹೆಣ್ಣುಮಕ್ಕಳಿಗೂ, ದುಡಿದು ದಣಿದವರಿಗೂ ದೇವರನ್ನು ಅವರವರ ಕೈಯಲ್ಲಿಯೇ ಕೊಟ್ಟುದು ಹನ್ನೆರಡನೆಯ ಶತಮಾನದ ಶಿವಶರಣರು ಮಾಡಿದ ಮಹೋಪಕಾರ. ಆ ಲಿಂಗದಲ್ಲಿ ಅನಿಮಿಷದೃಷ್ಟಿಯನ್ನು ನಿಲಿಸಿ, ನೋಡುವವನು, ನೋಟ, ನೋಡಲ್ಪಡುವ ಲಿಂಗ ಎಂಬ ಮೂರೂ ಒಂದಾಗುವವರೆಗೆ ಸಾಧಿಸುವುದೇ ಲಿಂಗಾಂಗಸಾಮರಸ್ಯದ ದಾರಿ.

ಇಂದು ಅದೇ ಅಂಗೈಯಲ್ಲಿ ಇನ್ನೊಂದು ವಸ್ತುವು ಬಂದು ಕುಳಿತಿದೆ. ಗೃಹಸ್ಥನು ಬೆಳಗಿನಲ್ಲಿ ಕಣ್ಣು ತೆರೆಯುತ್ತಲೇ ದಿಂಬಿನ ಬದಿಯಲ್ಲಿರುವ ಮೊಬೈಲಿಗೆ ಕೈ ನೀಡುತ್ತಾನೆ. ಭಸ್ಮವನ್ನು ಧರಿಸುವ ಮೊದಲೇ, ಶಿವನಾಮವು ನಾಲಗೆಗೆ ಬರುವ ಮೊದಲೇ ಅವನ ದೃಷ್ಟಿಯು ಆ ಬೆಳಗುವ ಗಾಜಿನಲ್ಲಿ ನಟ್ಟಿರುತ್ತದೆ. ಮುಂದೆ ಅವನು ಸ್ನಾನ ಮಾಡಿ ಪೂಜೆಗೆ ಕುಳಿತರೂ, ಲಿಂಗವು ಅಂಗೈಯಲ್ಲಿರುವಾಗಲೇ ಪಕ್ಕದ ಮಣೆಯ ಮೇಲಿನ ಯಂತ್ರವು ಒಮ್ಮೆ ಗುಂಯ್‌ಗುಟ್ಟಿತೆಂದರೆ ಕಣ್ಣು ಅತ್ತ ಹೊರಳುತ್ತದೆ. ಕೈಯು ಅಲುಗಲಿಲ್ಲ, ಲಿಂಗವು ಇದ್ದಲ್ಲಿಯೇ ಇದೆ. ಆದರೆ ಮನಸ್ಸು ಯಾವ ಪೀಠದ ಮುಂದೆ ಹೋಗಿ ನಿಂತಿತೆಂಬುದನ್ನು ಅವನೇ ಬಲ್ಲನು.

ಇದನ್ನು ಅನ್ಯದೈವವೆಂದು ಕರೆದರೆ ಅತಿಶಯೋಕ್ತಿಯಾದೀತೆಂದು ಕೆಲವರಿಗೆ ತೋರಬಹುದು. ಮೊಬೈಲಿಗೆ ಯಾರೂ ಧೂಪದೀಪಗಳನ್ನು ಬೆಳಗುವುದಿಲ್ಲವಲ್ಲ ಎಂದು ಅವರು ಕೇಳಬಹುದು. ಆದರೆ ದೈವವೆಂಬುದನ್ನು ಅದರ ಆಕಾರದಿಂದ ಗುರುತಿಸಲಾಗದು. ಅದಕ್ಕೆ ಮನುಷ್ಯನು ಏನನ್ನು ಅರ್ಪಿಸುತ್ತಾನೆಂಬುದರಿಂದ ಗುರುತಿಸಬೇಕು. ಬಸವಾದಿ ಪ್ರಮಥರು ಏಕದೇವನಿಷ್ಠೆಯನ್ನು ಅಷ್ಟು ಕಟ್ಟುನಿಟ್ಟಾಗಿ ಬೋಧಿಸಿದ ಕಾರಣವೂ ಇದೇ. ಮನುಷ್ಯನು ಭಯದಿಂದಲೋ ಆಸೆಯಿಂದಲೋ ಯಾವುದಕ್ಕೆ ತನ್ನನ್ನು ಒಪ್ಪಿಸಿಕೊಳ್ಳುತ್ತಾನೆಯೋ ಅದು ಅವನ ಒಡೆಯನಾಗಿಬಿಡುತ್ತದೆ. ಸದ್ಭಕ್ತನು ಅರ್ಪಿಸಬೇಕಾದುದು ತ್ರಿವಿಧ: ತನುವು ಗುರುವಿಗೆ, ಮನವು ಲಿಂಗಕ್ಕೆ, ಧನವು ಜಂಗಮಕ್ಕೆ. ಈ ಅಳತೆಗೋಲಿನಿಂದಲೇ ಇಂದಿನ ಗೃಹಸ್ಥನ ದಿನಚರಿಯನ್ನು ಅಳೆದು ನೋಡತಕ್ಕದ್ದು.

ಮೊದಲನೆಯದು ತನು. ಗುರುವಿಗೆ ತನುವನ್ನು ಅರ್ಪಿಸುವುದೆಂದರೆ ದೇಹವನ್ನು ಆಚಾರಕ್ಕೆ ಒಳಪಡಿಸುವುದು. ಹೊತ್ತಿಗೆ ಮಲಗಿ, ಹೊತ್ತಿಗೆ ಎದ್ದು, ಸತ್ಯಶುದ್ಧವಾದ ಕಾಯಕಕ್ಕೆ ಅದನ್ನು ಸಜ್ಜಾಗಿರಿಸುವುದು. ಹೊಸ ಒಡೆಯನು ಕೇಳುವ ಮೊದಲ ಕಾಣಿಕೆಯೇ ನಿದ್ರೆ. ನಡುರಾತ್ರಿ ಕಳೆದರೂ ಹೆಬ್ಬೆರಳು ಗಾಜಿನ ಮೇಲೆ ಸರಿಯುತ್ತಲೇ ಇರುತ್ತದೆ. ಕಣ್ಣು ಉರಿಯುತ್ತದೆ, ಕತ್ತು ಬಾಗುತ್ತದೆ. ಮರುದಿನ ಹೊಲಕ್ಕಾಗಲಿ ಅಂಗಡಿಗಾಗಲಿ ಕಚೇರಿಗಾಗಲಿ ಹೋಗುವ ದೇಹವು ಆಗಲೇ ಬಳಲಿರುತ್ತದೆ. ಉಪವಾಸ ಜಾಗರಣೆಗಳು ಕಷ್ಟವೆಂದು ಹೇಳುವವನೇ ದಿನವೂ ಫಲವಿಲ್ಲದ ಜಾಗರಣೆಯನ್ನು ಮಾಡುತ್ತಿರುತ್ತಾನೆ.

ಎರಡನೆಯದು ಮನ. ಇದು ಎಲ್ಲಕ್ಕಿಂತ ದೊಡ್ಡ ಕಾಣಿಕೆ. ಮನಸ್ಸು ಸ್ವಭಾವದಿಂದಲೇ ಚಂಚಲವೆಂಬುದು ಹಿರಿಯರ ಮಾತು. ಆದರೆ ಅದನ್ನು ಇನ್ನಷ್ಟು ಚಂಚಲಗೊಳಿಸುವುದೇ ಒಂದು ವ್ಯಾಪಾರವಾದುದು ನಮ್ಮ ಕಾಲದ ವಿಶೇಷ. 2004ರಲ್ಲಿ ಅಮೆರಿಕೆಯಲ್ಲಿ ಫೇಸ್‌ಬುಕ್ ಹುಟ್ಟಿತು. 2006ರಲ್ಲಿ ಅಜಾ ರಾಸ್ಕಿನ್ ಎಂಬ ತಂತ್ರಜ್ಞರು, ಕೆಳಗೆ ಸರಿಸಿದಷ್ಟೂ ಹೊಸದು ಬರುತ್ತಿರುವ, ಎಲ್ಲಿಯೂ ಮುಗಿಯದ ಪುಟವನ್ನು ರಚಿಸಿದರು. ಮುಂದೆ ಅದರ ಪರಿಣಾಮವನ್ನು ಕಂಡು ಅವರೇ ವಿಷಾದಪಟ್ಟರು. 2009ರಲ್ಲಿ ಫೇಸ್‌ಬುಕ್ಕಿನಲ್ಲಿ ‘ಲೈಕ್’ ಎಂಬ ಗುಂಡಿಯು ಬಂದಿತು. 2017ರಲ್ಲಿ ಆ ಸಂಸ್ಥೆಯ ಮೊದಲ ಅಧ್ಯಕ್ಷರಾಗಿದ್ದ ಶಾನ್ ಪಾರ್ಕರ್ ಅವರು, ಮನುಷ್ಯಮನಸ್ಸಿನ ಒಂದು ದೌರ್ಬಲ್ಯವನ್ನು ತಿಳಿದೇ ಇದನ್ನು ಕಟ್ಟಲಾಯಿತೆಂದು ಬಹಿರಂಗವಾಗಿ ಒಪ್ಪಿಕೊಂಡರು. ಇಂತಹ ಜಾಲತಾಣಗಳು ನೋಡುವವನಿಂದ ಹಣ ಕೇಳುವುದಿಲ್ಲ. ಅವನ ಗಮನವನ್ನು ಹಿಡಿದಿಟ್ಟು, ಅದನ್ನು ಜಾಹೀರಾತು ಕೊಡುವವರಿಗೆ ಮಾರಿ ಅವು ಬದುಕುತ್ತವೆ. ಸಂತೆಗೆ ಹೋದವನು ತಾನು ಕೊಳ್ಳುವವನೆಂದು ತಿಳಿದಿರುತ್ತಾನೆ. ಇಲ್ಲಿ ಅವನೇ ಮಾರಾಟದ ಸರಕು.

ಲಿಂಗಪೂಜೆಗೆ ಆದಿಯುಂಟು, ಮಂಗಳವುಂಟು. ಪುರಾಣಪ್ರವಚನಕ್ಕೂ ಮಂಗಳವುಂಟು, ಕೇಳಿದವರು ಎದ್ದು ಮನೆಗೆ ಹೋಗಿ ತಮ್ಮ ತಮ್ಮ ಕೆಲಸದಲ್ಲಿ ತೊಡಗುತ್ತಾರೆ. ಆ ಮುಗಿಯದ ಪುಟವಾದರೋ ಮಂಗಳವಿಲ್ಲದ ಪಾರಾಯಣ. ಅದರಿಂದ ಏಳುವವನು ತೃಪ್ತಿಯಿಂದ ಏಳುವುದಿಲ್ಲ, ದಣಿವಿನಿಂದ ಏಳುತ್ತಾನೆ. ಲಿಂಗವನ್ನು ನೋಡುತ್ತ ನೋಡುತ್ತ ‘ನಾನು’ ಎಂಬುದು ಕರಗಬೇಕು. ಇಲ್ಲಿ ನೋಡುತ್ತ ನೋಡುತ್ತ ‘ನನ್ನನ್ನು ಎಷ್ಟು ಜನ ಮೆಚ್ಚಿದರು’ ಎಂಬುದೊಂದೇ ಬೆಳೆಯುತ್ತದೆ.

ಪ್ರಸಾದತತ್ತ್ವಕ್ಕೆ ಇದರಿಂದ ಒದಗಿರುವ ಹಾನಿಯು ಇನ್ನೂ ಸೂಕ್ಷ್ಮವಾದುದು. ಲಿಂಗಕ್ಕೆ ಅರ್ಪಿಸದೆ ಏನನ್ನೂ ಸೇವಿಸದಿರುವುದು ಪ್ರಸಾದಿಸ್ಥಲದ ನಿಷ್ಠೆ. ಅರ್ಪಿತವಾದ ಅನ್ನವು ಪ್ರಸಾದ. ಅನರ್ಪಿತವಾದುದು ಬರಿಯ ಪದಾರ್ಥ. ಈಗ ಎಡೆಯನ್ನು ಬಡಿಸುತ್ತಲೇ ಮೊದಲು ಅದರ ಚಿತ್ರವನ್ನು ತೆಗೆಯುವ ರೂಢಿಯು ಬಂದಿದೆ. ಹೋಳಿಗೆಯ ಮೇಲಿನ ತುಪ್ಪವು ಆರುತ್ತದೆ, ಹಸಿದ ಮಗುವು ಕಾಯುತ್ತದೆ, ಬಡಿಸಿದ ತಾಯಿಯು ನಿಂತೇ ಇರುತ್ತಾಳೆ; ಚಿತ್ರವು ಊರಿಗೆಲ್ಲ ಹೋದ ಮೇಲೆ ಊಟ. ಹಾಗಾದರೆ ಆ ಅನ್ನವು ಮೊದಲು ಯಾರಿಗೆ ಅರ್ಪಿತವಾಯಿತು? ಊಟವು ಹಾಗಿರಲಿ, ಲಿಂಗಪೂಜೆಯ ಚಿತ್ರಗಳೂ ದಾಸೋಹದ ಚಿತ್ರಗಳೂ ಅದೇ ಸಂತೆಯಲ್ಲಿ ಹರಡುತ್ತಿವೆ. ಇಷ್ಟಲಿಂಗಪೂಜೆಯು ಭಕ್ತನಿಗೂ ಶಿವನಿಗೂ ನಡುವಣ ಏಕಾಂತ. ಅದನ್ನು ಪ್ರದರ್ಶಿಸಿ ಮೆಚ್ಚುಗೆಯನ್ನು ಎಣಿಸತೊಡಗಿದರೆ, ಪೂಜೆಗೊಂಡವನು ಲಿಂಗದೇವನಲ್ಲ, ಪೂಜಿಸಿದವನೇ. ಈ ದೋಷವು ಗೃಹಸ್ಥರಲ್ಲಿ ಮಾತ್ರವಿರುವುದೆಂದು ಭಾವಿಸಬೇಕಾದುದಿಲ್ಲ. ಮಠಮಾನ್ಯಗಳೂ ತಮ್ಮ ಅಂಗಳವನ್ನು ತಾವೇ ನೋಡಿಕೊಳ್ಳತಕ್ಕದ್ದು.

ಮೂರನೆಯದು ಧನ. ಕಾಯಕದಿಂದ ಬಂದುದರಲ್ಲಿ ತನ್ನ ಸಂಸಾರಕ್ಕೆ ಬೇಕಾದಷ್ಟನ್ನು ಬಳಸಿ, ಉಳಿದುದನ್ನು ದಾಸೋಹಕ್ಕೆ ಸಲ್ಲಿಸುವುದು ಶರಣರ ಅರ್ಥಶಾಸ್ತ್ರ. ಆಯ್ದಕ್ಕಿ ಮಾರಯ್ಯನವರ ಕಥೆಯನ್ನು ಅರಿಯದ ಭಕ್ತರಿಲ್ಲ. ಕಲ್ಯಾಣದಲ್ಲಿ ಚೆಲ್ಲಿದ ಅಕ್ಕಿಯನ್ನು ಆಯ್ದು ತರುವುದು ಅವರ ಕಾಯಕ. ಒಂದು ದಿನ ಅವರು ದಿನದ ಅಳತೆಗಿಂತ ಹೆಚ್ಚಾಗಿ ಅಕ್ಕಿಯನ್ನು ತಂದರು. ಪತ್ನಿಯಾದ ಲಕ್ಕಮ್ಮನವರು ಅದನ್ನು ಕಂಡು ಸಂತೋಷಪಡಲಿಲ್ಲ. ಹೆಚ್ಚಿನದನ್ನು ತಂದಲ್ಲಿಯೇ ಸುರಿದು ಬರುವಂತೆ ಗಂಡನನ್ನು ಹಿಂದಕ್ಕೆ ಕಳುಹಿದರು. ಮನೆಯಲ್ಲಿ ಸಿರಿಯಿರಲಿಲ್ಲ. ಆದರೂ ಬೇಕಾದುದೆಷ್ಟು ಎಂಬ ಗೆರೆಯು ಆ ತಾಯಿಯ ಕಣ್ಣಿಗೆ ಸ್ಪಷ್ಟವಾಗಿತ್ತು.

ಇಂದಿನ ಪೇಟೆಯು ಮೊದಲು ಅಳಿಸುವುದು ಆ ಗೆರೆಯನ್ನೇ. ಹಿಂದೆ ಪೇಟೆಗೆ ಹೋಗಬೇಕಾದರೆ ಬಂಡಿ ಕಟ್ಟಬೇಕಾಗಿತ್ತು, ಕೈಯಲ್ಲಿ ಹಣವಿರಬೇಕಾಗಿತ್ತು. ಈಗ ಪೇಟೆಯು ಅಂಗೈಗೇ ಬಂದಿದೆ. ಹಣವಿಲ್ಲದಿದ್ದರೆ ಕಂತಿನ ಸಾಲವೂ ಅಲ್ಲಿಯೇ ದೊರೆಯುತ್ತದೆ. ನೆರೆಮನೆಯವರ ಹೊಸ ಕಾರು, ಬಂಧುಗಳ ಮದುವೆಯ ವೈಭವ, ಗೆಳತಿಯ ಸೀರೆ ಇವು ದಿನವೂ ಕಣ್ಣ ಮುಂದೆ ಹಾದುಹೋಗುತ್ತಿರಲು, ತನ್ನ ಮನೆಯ ನೆಮ್ಮದಿಯೇ ದಾರಿದ್ರ್ಯದಂತೆ ತೋರುತ್ತದೆ. ಇದ್ದ ಫೋನು ಕೆಟ್ಟಿರುವುದಿಲ್ಲ, ಆದರೂ ಹೊಸದು ಬರುತ್ತದೆ. ಕಂತು ತೀರುವ ಮೊದಲೇ ಅದೂ ಹಳತಾಗುತ್ತದೆ. ತಿಂಗಳ ಸಂಬಳವು ಬಂದ ದಿನವೇ ಕಂತುಗಳಿಗೆ ಹರಿದುಹೋದರೆ, ಹಸಿದು ಬಂದವರಿಗೆ ತುತ್ತು ಅನ್ನವನ್ನಿಕ್ಕಲು ಗೃಹಸ್ಥನ ಕೈಯಲ್ಲಿ ಏನು ಉಳಿದೀತು? ಆಸೆಯು ದಾಸೋಹವನ್ನು ನುಂಗುವ ಬಗೆಯಿದು.

ಜಂಗಮವೆಂದರೆ ಮಠದಿಂದ ಬರುವ ಸ್ವಾಮಿಗಳು ಮಾತ್ರವೆಂದು ತಿಳಿಯಬಾರದು; ಚೈತನ್ಯದಿಂದ ನಡೆದಾಡುವ ಜೀವರೆಲ್ಲರಲ್ಲಿಯೂ ಶಿವಕಳೆಯನ್ನು ಕಾಣುವುದೇ ಶರಣರ ಜಂಗಮದೃಷ್ಟಿ. ಸಂಜೆಯ ಹೊತ್ತು ಪಡಸಾಲೆಯಲ್ಲಿ ವೃದ್ಧಮಾತೆಯೊಬ್ಬಳು ಕುಳಿತಿರುತ್ತಾಳೆ. ಮಗನು ಒಂದು ಮೂಲೆಯಲ್ಲಿ, ಸೊಸೆಯು ಇನ್ನೊಂದು ಮೂಲೆಯಲ್ಲಿ, ಮೊಮ್ಮಕ್ಕಳು ಒಳಕೋಣೆಯಲ್ಲಿ. ಎಲ್ಲರ ತಲೆಯೂ ಅಂಗೈಗೆ ಬಾಗಿದೆ. ಆಕೆಯು “ಯಪ್ಪಾ, ಉಂಡೇನೋ?” ಎಂದು ಕೇಳುತ್ತಾಳೆ. ಉತ್ತರವಿಲ್ಲ. ಎರಡನೆಯ ಬಾರಿ ಕೇಳುತ್ತಾಳೆ. “ಹೂಂ” ಎಂಬ ದನಿಯು ಬರುತ್ತದೆ, ಮುಖವು ಮೇಲೇಳುವುದಿಲ್ಲ. ಮೂರನೆಯ ಬಾರಿ ಆಕೆಯು ಕೇಳುವುದಿಲ್ಲ. ಅದೇ ಮಗನು ತಾಯಂದಿರ ದಿನದಂದು ಆಕೆಯ ಚಿತ್ರವನ್ನು ಜಾಲತಾಣದಲ್ಲಿ ಹಾಕಿ ಮುನ್ನೂರು ಜನರ ಮೆಚ್ಚುಗೆಯನ್ನು ಪಡೆಯಬಹುದು. ಚಿತ್ರವು ಪೂಜೆಗೊಂಡಿತು, ನಡೆದಾಡುವ ತಾಯಿಯು ಮಾತಿಲ್ಲದೆ ಉಳಿದಳು. ಜಡವನ್ನು ಪೂಜಿಸಿ ಚೈತನ್ಯವನ್ನು ಮರೆಯುವುದನ್ನೇ ಅಲ್ಲವೆ ಶರಣರು ಅಷ್ಟು ಖಂಡಿಸಿದುದು?

ಹಾಗಾದರೆ ಯಂತ್ರಗಳನ್ನೆಲ್ಲ ಬಿಸುಡಬೇಕೆ ಎಂಬ ಪ್ರಶ್ನೆಯು ಏಳುತ್ತದೆ. ಬಿಸುಡಬೇಕಾದುದಿಲ್ಲ. ಶರಣರು ಸಲಕರಣೆಗಳೊಡನೆ ಬದುಕಿದವರು. ಜೇಡರ ದಾಸಿಮಯ್ಯನವರಿಗೆ ಮಗ್ಗವಿತ್ತು, ಅಂಬಿಗರ ಚೌಡಯ್ಯನವರಿಗೆ ದೋಣಿಯಿತ್ತು, ಮಡಿವಾಳ ಮಾಚಯ್ಯನವರಿಗೆ ಬಟ್ಟೆ ಒಗೆಯುವ ಕಲ್ಲಿತ್ತು. ಆದರೆ ಮಗ್ಗವು ನಡುರಾತ್ರಿಯಲ್ಲಿ ನೇಕಾರನನ್ನು ಕೂಗಿ ಎಬ್ಬಿಸುವುದಿಲ್ಲ. ಕಾಯಕ ಮುಗಿಯುತ್ತಲೇ ಸುಮ್ಮನಾಗುವುದು ಸಲಕರಣೆ. ಕಾಯಕವಿಲ್ಲದಿದ್ದರೂ ಕರೆಯುವುದು ಒಡೆಯ. ಅದೇ ಮೊಬೈಲಿನಲ್ಲಿ ರೈತನು ಪೇಟೆಯ ಧಾರಣೆಯನ್ನು ತಿಳಿಯುತ್ತಾನೆ. 2016ರಲ್ಲಿ ಬಂದ ಯು.ಪಿ.ಐ. ವ್ಯವಸ್ಥೆಯಿಂದ ಸಂತೆಯ ಕಾಯಿಪಲ್ಲೆ ಮಾರುವವಳೂ ಹಣವನ್ನು ಪಡೆಯುತ್ತಾಳೆ. ಪರದೇಶದಲ್ಲಿರುವ ಮಗಳ ಮುಖವನ್ನು ತಂದೆಯು ಕಾಣುತ್ತಾನೆ. ಇವುಗಳಲ್ಲಿ ದೋಷವಿಲ್ಲ.

ಯಂತ್ರವು ದಾಸೋಹಕ್ಕೆ ಹೇಗೆ ಒದಗಬೇಕೆಂಬುದಕ್ಕೆ ಫ. ಗು. ಹಳಕಟ್ಟಿಯವರೇ ಸಾಕ್ಷಿ. ವಿಜಯಪುರದಲ್ಲಿ ವಕೀಲರಾಗಿದ್ದ ಅವರು ಊರೂರು ಅಲೆದು ತಾಡವೋಲೆಗಳನ್ನು ಸಂಗ್ರಹಿಸಿ, 1923ರಲ್ಲಿ ವಚನಶಾಸ್ತ್ರಸಾರದ ಮೊದಲ ಭಾಗವನ್ನು ಬೆಳಕಿಗೆ ತಂದರು. ವಚನಗಳ ಪ್ರಕಟಣೆಗಾಗಿಯೇ ತಮ್ಮ ಮನೆಯನ್ನು ಮಾರಿ ಹಿತಚಿಂತಕ ಮುದ್ರಣಾಲಯವನ್ನು ಸ್ಥಾಪಿಸಿದರು. 1926ರಲ್ಲಿ ಶಿವಾನುಭವ ಪತ್ರಿಕೆಯನ್ನು ಆರಂಭಿಸಿದರು. ಮುದ್ರಣಯಂತ್ರವೂ ಆ ಕಾಲಕ್ಕೆ ಹೊಸ ಯಂತ್ರವೇ, ಬೆಲೆಯುಳ್ಳದ್ದೇ. ಆದರೆ ಅದು ಅವರನ್ನು ಆಳಲಿಲ್ಲ. ಅವರು ಅದನ್ನು ಶರಣರ ಸೇವೆಯಲ್ಲಿ ದುಡಿಸಿದರು. ಇಂದು ಮನೆಮನೆಯಲ್ಲಿ ವಚನಗಳು ಓದಲ್ಪಡುತ್ತಿರುವುದಕ್ಕೆ ಆ ತ್ಯಾಗವು ಮುಖ್ಯ ಕಾರಣ. ಮನೆಯನ್ನು ಮಾರಿ ಯಂತ್ರವನ್ನು ಕೊಂಡವರೂ ಉಂಟು, ಯಂತ್ರಗಳ ಕಂತಿಗಾಗಿ ಮನೆಯನ್ನು ಕಳೆದುಕೊಂಡವರೂ ಉಂಟು. ಭೇದವಿರುವುದು ಯಂತ್ರದಲ್ಲಲ್ಲ, ಅರ್ಪಣೆಯಲ್ಲಿ.

ಇನ್ನೊಂದು ಆಕ್ಷೇಪವೂ ಬರುವುದುಂಟು: ಇಷ್ಟಲಿಂಗವೂ ಅಂಗೈಯಲ್ಲಿ ಹಿಡಿಯುವ ಒಂದು ವಸ್ತುವೇ ಅಲ್ಲವೆ ಎಂದು. ಇಷ್ಟಲಿಂಗವು ಅರಿವಿನ ಕುರುಹು. ಅದು ದೃಷ್ಟಿಯನ್ನು ಹೊರಗಿನಿಂದ ಒಳಗೆ ತಿರುಗಿಸಿ ಪ್ರಾಣಲಿಂಗವನ್ನು ತೋರಿಸುತ್ತದೆ. ಏನನ್ನೂ ಮಾರುವುದಿಲ್ಲ, ಯಾರೊಡನೆಯೂ ಹೋಲಿಸುವುದಿಲ್ಲ. ಮಿಗಿಲಾಗಿ, ಲಿಂಗನಿಷ್ಠೆಯು ಕಾಯಕದಾಸೋಹಗಳಿಗೆ ಅಡ್ಡಿಯಾಗಬಾರದೆಂಬುದನ್ನೂ ಶರಣರೇ ತೋರಿಸಿದ್ದಾರೆ. ನುಲಿಯ ಚಂದಯ್ಯನವರು ಹುಲ್ಲು ಕೊಯ್ಯುವಾಗ ಲಿಂಗವು ಜಾರಿ ನೀರಿಗೆ ಬಿದ್ದರೂ, ಜಂಗಮದಾಸೋಹವು ತಪ್ಪೀತೆಂದು ಕಾಯಕವನ್ನೇ ಮುಂದುವರಿಸಿದರೆಂಬ ಕಥೆಯಿದೆ. ಲಿಂಗವನ್ನು ಕೂಡ ನೆಪವಾಗಿಸಿಕೊಳ್ಳದ ಪರಂಪರೆಗೆ ಸೇರಿದವರು ಒಂದು ಗಾಜಿನ ತುಂಡಿಗಾಗಿ ಕಾಯಕವನ್ನೂ ತಾಯಿಯನ್ನೂ ಮರೆಯುವುದು ಎಂತಹ ವಿಪರ್ಯಾಸ!

ಆದುದರಿಂದ ಸದ್ಭಕ್ತರು ಕೆಲವು ನಿಯಮಗಳನ್ನು ಮನೆಯಲ್ಲಿ ನೆಲೆಗೊಳಿಸತಕ್ಕದ್ದು. ಬೆಳಗಿನ ಮೊದಲ ದೃಷ್ಟಿಯು ಲಿಂಗಕ್ಕೆ ಸಲ್ಲಲಿ. ಪೂಜೆಯಾಗುವವರೆಗೆ ಮೊಬೈಲು ಬೇರೆ ಕೋಣೆಯಲ್ಲಿರಲಿ. ಪ್ರಸಾದದ ಪಂಕ್ತಿಯಲ್ಲಿ ಅದಕ್ಕೆ ಎಡೆಯಿಲ್ಲದಿರಲಿ. ಮಲಗುವ ಮೊದಲು ಒಂದು ವಚನವನ್ನು ಮನೆಯವರೆಲ್ಲ ಕೂಡಿ ಓದಿ ಅದರ ಅರ್ಥವನ್ನು ಮಾತನಾಡಲಿ. ಒಂದು ವಸ್ತುವನ್ನು ಕೊಳ್ಳುವ ಮೊದಲು ಮೂರು ಪ್ರಶ್ನೆಗಳನ್ನು ಕೇಳಿಕೊಳ್ಳಲಿ: ಇದು ಕಾಯಕಕ್ಕೋ ಸಂಸಾರಕ್ಕೋ ನಿಜವಾಗಿ ಬೇಕೆ? ದುಡಿದು ತಂದ ಹಣದಿಂದ ಬರುತ್ತದೆಯೇ? ಇದನ್ನು ಕೊಂಡ ಮೇಲೂ ದಾಸೋಹಕ್ಕೆ ಏನಾದರೂ ಉಳಿಯುತ್ತದೆಯೇ? ಈ ನಿಯಮಗಳನ್ನು ಮೊದಲು ಹಿರಿಯರು ಪಾಲಿಸಬೇಕು. ತಂದೆಯ ತಲೆಯು ಅಂಗೈಗೆ ಬಾಗಿರುವಾಗ ಮಗನಿಗೆ ಬೋಧಿಸಿದ ನೀತಿಯು ನಾಟುವುದಿಲ್ಲ.

ಮನುಷ್ಯನಿಗೆ ಅಂಗೈಯು ಒಂದೇ ಪೀಠ. ಅದರಲ್ಲಿ ಏಕಕಾಲಕ್ಕೆ ಇಬ್ಬರು ಒಡೆಯರು ಕುಳಿತಿರಲಾರರು. ಗುರುವು ಕೊಟ್ಟ ಪೀಠವನ್ನು ಗುರುವು ಕೊಟ್ಟ ದೇವನಿಗೇ ತೆರವು ಮಾಡಿಕೊಟ್ಟರೆ, ತನುವು ಕಾಯಕಕ್ಕೆ ಚೇತರಿಸುವುದು, ಮನವು ಲಿಂಗದಲ್ಲಿ ನಿಲ್ಲುವುದು, ಧನವು ಹಸಿದವರ ಎಡೆಗೆ ಸಲ್ಲುವುದು. ಪಡಸಾಲೆಯಲ್ಲಿ ಕುಳಿತ ತಾಯಿಯು ಕೇಳಿದ ಮಾತಿಗೆ, ಮುಖವೆತ್ತಿ ಉತ್ತರಿಸುವ ಮಗನೂ ಆ ಮನೆಗೆ ಮರಳಿ ದೊರೆಯುವನು. ಅಂತಹ ಮನೆಗಳಲ್ಲಿ ಶಿವನು ನೆಲಸಲಿ; ಸರ್ವರಿಗೂ ಸನ್ಮಂಗಳವಾಗಲಿ.