ಇರುಳಿನ ಅಧಿದೇವತೆ

ಕತ್ತಲೆಗೊಂದು ದೇವತೆಯನ್ನು ಕಲ್ಪಿಸಿ, ನಕ್ಷತ್ರವೀಕ್ಷಣವನ್ನೂ ಲುಪ್ತವಾದ ಖಗೋಳವಿದ್ಯೆಯನ್ನೂ ಆಕೆಯ ವಶಕ್ಕೊಪ್ಪಿಸುವುದು ಕವಿಯ ಸ್ವೈರಕಲ್ಪನೆಯೆಂದು ತೋರಬಹುದಾದರೂ, ಋಗ್ವೇದದ ಹತ್ತನೆಯ ಮಂಡಲದ 127ನೆಯ ಸೂಕ್ತವು ರಾತ್ರಿಯನ್ನು ದೇವಿಯೆಂದೇ ಸ್ತುತಿಸಿ, ತಾರೆಗಳನ್ನು ಆಕೆಯ ಕಣ್ಣುಗಳಾಗಿ ಕಂಡಿದೆ.

ಆದರೆ ಕತ್ತಲೆ ಇರುವ ವಸ್ತುವೋ, ಬೆಳಕಿನ ಅಭಾವಮಾತ್ರವೋ? ನೈಯಾಯಿಕರು ಅಭಾವವೆಂದರು, ಭಾಟ್ಟಮೀಮಾಂಸಕರು ದ್ರವ್ಯವೆಂದರು, ದ್ವೈತಮತವೂ ತನ್ನ 20 ದ್ರವ್ಯಗಳಲ್ಲಿ ಅಂಧಕಾರವನ್ನು ಎಣಿಸಿತು. ಆ ಮತದ ತತ್ತ್ವವನ್ನು ‘ಹರಿಕಥಾಮೃತಸಾರ’ದಲ್ಲಿ ಕನ್ನಡಕ್ಕಿಳಿಸಿದ ಜಗನ್ನಾಥದಾಸರ ಮಾನ್ವಿಯಲ್ಲಿ, ಅಮಾವಾಸ್ಯೆಯ ಇರುಳು ಹೊಲದ ಬದುವಿನ ಮೇಲೆ ನಿಂತವನಿಗೆ ಕತ್ತಲೆ ಮೈಗೆ ತಾಕುವ ವಸ್ತುವೆಂದೇ ಅನಿಸುತ್ತದೆ. ರಾಯಚೂರು ನಗರದ ದೀಪಪ್ರಭೆಯಲ್ಲಿ ಆ ಅನುಭವ ದುರ್ಲಭ. ಅಲ್ಲಿ ಆಕಾಶಗಂಗೆಯೇ ಕಾಣದು.

ಲುಪ್ತವಾದ ಆ ಖಗೋಳವಿದ್ಯೆಯ ಕುರುಹನ್ನು ಅರಸಿ ದೇವದುರ್ಗದಿಂದ ಕೃಷ್ಣೆಯನ್ನು ದಾಟಿ ಶಹಾಪುರದತ್ತ ನಡೆದರೆ, ವಿಭೂತಿಹಳ್ಳಿಯ ಬಯಲಲ್ಲಿ ಬೃಹತ್‌ಶಿಲಾಯುಗದ ಜನರು ಸಾಲುಸಾಲಾಗಿ ಇರಿಸಿದ ಬಂಡೆಗಳುಂಟು. 19ನೆಯ ಶತಮಾನದಲ್ಲಿ ಬ್ರಿಟಿಷ್ ಅಧಿಕಾರಿ ಮೆಡೋಸ್ ಟೇಲರ್ ಅವನ್ನು ವರ್ಣಿಸಿದನು. ಅಯನಕಾಲದ ಸೂರ್ಯನ ಉದಯಾಸ್ತಗಳೊಡನೆ ಅವಕ್ಕೆ ಸಂಬಂಧವುಂಟೆಂದು ಈಚಿನ ವಿದ್ವಾಂಸರು ತರ್ಕಿಸಿದ್ದಾರೆ. ಇಟ್ಟವರ ಮಾತು ಅಳಿಯಿತು, ಅವರು ನಂಬಿದ ದೇವತೆಯ ಹೆಸರೂ ಅಳಿಯಿತು. ಎಣಿಕೆ ಮಾತ್ರ ಕಲ್ಲಿನಲ್ಲಿ ನಿಂತಿತು. ಹೆಸರಳಿದ ಆ ದೇವತೆಯನ್ನು ನಾನು ರಾತ್ರಿಯೆಂದೇ ಕರೆದು, ಆ ಸಾಲುಗಳ ನಡುವೆ ಮೊದಲ ಚುಕ್ಕಿ ಮೂಡುವವರೆಗೂ ಕಾದು ನಿಂತೆನು.