ಅಜ್ಜಿ ಒಲ್ಲೆನೆಂದ ಪ್ರಸಾದ

ಹನ್ನೆರಡು ವರ್ಷ ತುಂಬುವವರೆಗೆ ನಾನು ಬೆಳೆದದ್ದು ಮಸ್ಕತ್ತಿನ ರೂವಿಯಲ್ಲಿ. ಅಪ್ಪ ಅಲ್ಲೊಂದು ಅಂಗಡಿಯ ಲೆಕ್ಕ ಬರೆಯುತ್ತಿದ್ದರು. ಶಿವರಾತ್ರಿಗೆ ಹಳೇ ಮಸ್ಕತ್ತಿನ ಮೋತೀಶ್ವರ ಮಂದಿರಕ್ಕೆ ಹೋಗುತ್ತಿದ್ದೆವು; ಸುಲ್ತಾನರ ಅಲ್ ಅಲಂ ಅರಮನೆ ಅಲ್ಲೇ ಹತ್ತಿರ. ರಂಜಾನಿನಲ್ಲಿ ಹಗಲು ಹೊತ್ತು ಬೀದಿಯಲ್ಲಿ ಯಾವ ಧರ್ಮದವರೂ ನೀರು ಕುಡಿಯುವಂತಿರಲಿಲ್ಲ.

ಪಕ್ಕದ ಮನೆಯ ಅರಬ್ ಅಜ್ಜಿ ಸಂಜೆಯಾದರೆ ಕೆಂಡಕ್ಕೆ ಲುಬಾನ್ ಹಾಕುತ್ತಿದ್ದಳು. ಧೋಫಾರ್ ಸೀಮೆಯ ಮರದ ಅಂಟು ಅದು; ತೊಗಟೆ ಕೆತ್ತಿದರೆ ಹಾಲಿನಂತೆ ಒಸರಿ ಗಟ್ಟಿಯಾಗುತ್ತದೆ. ಒಂದು ಶಿವರಾತ್ರಿಯ ಮರುದಿನ ಅವಳಿಗೆ ಪ್ರಸಾದ ಒಯ್ದೆ. ಏನಿದು ಎಂದು ಕೇಳಿದಳು. ಹರಕು ಅರಬಿಯಲ್ಲಿ, ನಮ್ಮ ದೇವರ ಮುಂದೆ ಇಟ್ಟದ್ದು ಎಂದೆ. ಅವಳು ನನ್ನ ಬೆರಳುಗಳನ್ನು ಮೆಲ್ಲಗೆ ಮಡಚಿ, "ಹಾಗಾದರೆ ನೀನೇ ತಿನ್ನು ಮಗೂ" ಎಂದಳು. ಇನ್ನೊಂದು ಕೈ ತುಂಬ ಖರ್ಜೂರ ಕೊಟ್ಟಳು. ಮನೆಗೆ ಬಂದು ಅತ್ತೆ.

ಎಷ್ಟೋ ವರ್ಷಗಳ ಮೇಲೆ ರಾಯಚೂರು ಜಿಲ್ಲೆಯ ಮುದಗಲ್ಲಿನ ಮೊಹರಂ ಬಗ್ಗೆ ಸಾಕ್ಷ್ಯಚಿತ್ರ ನಿರ್ಮಿಸಲು ಹೋದೆ. ಲೋಬಾನದ ಹೊಗೆಗೆ ರೂವಿ ನೆನಪಾಯಿತು. ಲೋಬಾನ ಎಂಬ ಹೆಸರು ಅರಬಿಯಿಂದಲೇ ಬಂದದ್ದು, ಆದರೆ ನಮ್ಮಲ್ಲಿ ಆ ಹೆಸರಿನಿಂದ ಮಾರುವುದು ಹೆಚ್ಚಾಗಿ ಸುಮಾತ್ರಾ ಕಡೆಯ ಬೇರೊಂದು ಮರದ ಅಂಟು. ಕುಂಕುಮ ಇಟ್ಟ ಹೆಂಗಸೊಬ್ಬಳು ಪೀರಲ ದೇವರ ಮುಂದೆ ಸಕ್ಕರೆಯ ಮೇಲೆ ಪ್ರಾರ್ಥನೆ ಓದಿಸಲು ನಿಂತಿದ್ದಳು. "ನಮ್ಮ ಮನಿ ದೇವ್ರು ವೀರಭದ್ರ ರೀ. ಹರಕಿ ಮಾತ್ರ ಇಲ್ಲಿ" ಎಂದಳು.

ಚಿತ್ರಕ್ಕೆ ಹಣ ಹಾಕಿದವರು, ಎಲ್ಲ ಧರ್ಮಗಳೂ ಒಂದೇ ಎಂಬ ಮಾತಿನಿಂದ ಮುಗಿಸಿ ಎಂದರು. ನನ್ನಿಂದ ಆಗಲಿಲ್ಲ. ಎಲ್ಲ ಒಂದೇ ಆಗಿದ್ದರೆ ಆ ಅಜ್ಜಿ ಪ್ರಸಾದವನ್ನು ಬರೀ ಸಿಹಿ ಎಂದು ಬಾಯಿಗೆ ಹಾಕಿಕೊಳ್ಳಬಹುದಿತ್ತು. ನನ್ನ ದೇವರು ನಿಜವಾಗಿ ನನ್ನವನು ಎಂದು ಒಪ್ಪಿದ್ದರಿಂದಲೇ ಒಲ್ಲೆ ಎಂದಳು. ಮುದಗಲ್ಲಿನವಳು ಎರಡು ದೇವರನ್ನೂ ಬೇರೆ ಬೇರೆಯಾಗಿ ಬಲ್ಲಳು, ಆದರೂ ಎರಡು ಕಡೆಯೂ ಕೈಮುಗಿಯುತ್ತಾಳೆ. ಇವರಲ್ಲಿ ಯಾರ ಭಕ್ತಿ ದೊಡ್ಡದು? ಈ ಪ್ರಶ್ನೆಯನ್ನು ಬಹಳ ದಿನ ಹೊತ್ತು ತಿರುಗಿದೆ. ಅಳೆಯಲು ಹೊರಡುವುದೇ ತಪ್ಪು ಎಂದು ಈಗ ಅನ್ನಿಸುತ್ತದೆ. ಒಬ್ಬಳು ಹೊಸ್ತಿಲ ಈಚೆ ನಿಂತು ಗೌರವಿಸಿದಳು, ಇನ್ನೊಬ್ಬಳು ದಾಟಿ ಹೋಗಿ.

ಎಲ್ಲ ಧರ್ಮಗಳೂ ಒಂದೇ ಎಂಬ ವಾಕ್ಯ ಚಿತ್ರದಲ್ಲಿಲ್ಲ. ಕಡೆಯ ದೃಶ್ಯದಲ್ಲಿ ಆಕೆ ಓದಿಸಿದ ಸಕ್ಕರೆಯನ್ನು ಸೆರಗಿನ ತುದಿಗೆ ಗಂಟು ಹಾಕಿಕೊಂಡು ಮನೆ ಕಡೆ ನಡೆಯುತ್ತಾಳೆ.