ನೋಡುವವನ ಕೈ

ತಿಪಟೂರಿನ ಕೊಬ್ಬರಿ ಹರಾಜನ್ನು ನೋಡಿದವರು ಬಹಳ. ಅದರ ಹಿಂದಿನ ವರ್ಷವನ್ನು ನೋಡಿದವರು ಕಡಿಮೆ. ಬಲಿತ ಕಾಯನ್ನು ಅಟ್ಟಕ್ಕೆ ಹಾಕಿದರೆ ಹತ್ತು ಹನ್ನೊಂದು ತಿಂಗಳು ಅದು ತನ್ನಷ್ಟಕ್ಕೇ ಒಣಗಬೇಕು. ನೀರು ಇಂಗಿ, ಕೊಬ್ಬರಿ ಕರಟ ಬಿಟ್ಟು, ಅಲ್ಲಾಡಿಸಿದರೆ ಲೊಡಲೊಡ ಎನ್ನಬೇಕು. ಅಲ್ಲಿಯವರೆಗೆ ಕಾಯುವುದೇ ಕೆಲಸ.

ತುರುವೇಕೆರೆ ಕಡೆಯ ನಮ್ಮ ದೊಡ್ಡಮ್ಮನ ಮನೆಗೆ ಒಮ್ಮೆ ಸಾಕ್ಷ್ಯಚಿತ್ರ ಮಾಡುವ ಹುಡುಗನೊಬ್ಬ ಬಂದ. ಸ್ವಂತ ದುಡ್ಡು, ಒಂದು ಕ್ಯಾಮೆರಾ, ಅಷ್ಟೇ. ಕರೆತಂದವನು ನಾನು. ಪ್ಲಾಸ್ಟಿಕ್ ಕೊಡ ಒಳಗಿಟ್ಟು ಹಿತ್ತಾಳೆಯದನ್ನು ಹೊರಗಿಡು, ಒಳ್ಳೆಯ ಸೀರೆ ಉಡು ಎಂದು ದೊಡ್ಡಮ್ಮನಿಗೆ ಹೇಳಿದವನೂ ನಾನೇ. ಹುಡುಗ ಬೇಡವೆಂದ. 1922ರ ‘ನಾನೂಕ್ ಆಫ್ ದಿ ನಾರ್ತ್’ ಚಿತ್ರಕ್ಕಾಗಿ ರಾಬರ್ಟ್ ಫ್ಲಾಹರ್ಟಿ, ಬಂದೂಕು ಬಲ್ಲ ಇನ್ಯೂಟ್ ಜನರಿಂದ ಹಳೆಯ ಈಟಿಯ ಬೇಟೆಯನ್ನೇ ಆಡಿಸಿದ ಕತೆ ಹೇಳಿದ. ನನಗೆ ನಾಚಿಕೆಯಾಯಿತು.

ಮೂರು ದಿನ ದೊಡ್ಡಮ್ಮ ಸೆರಗು ಸರಿಮಾಡಿಕೊಂಡೇ ಕೂತಿದ್ದಳು. ನಾಲ್ಕನೆಯ ದಿನ ಅವನನ್ನು ಮರೆತಳು. ಉಂಡೆಗೆ ಏಟು ತಾಗದಂತೆ ಕರಟ ಒಡೆಯುವುದು ನಾಜೂಕಿನ ಕೆಲಸ. ಉಂಡೆ ಒಡೆದರೆ ಬೆಲೆ ಬೀಳುತ್ತದೆ. ಮಚ್ಚು ಜಾರಿ ಅವಳ ಹೆಬ್ಬೆರಳು ಕುಯ್ದಿತು. ಹುಡುಗ ಕ್ಯಾಮೆರಾ ನೆಲಕ್ಕಿಟ್ಟು ಓಡಿ ಬಟ್ಟೆ ಸುತ್ತಿದ. ಚಿತ್ರದಲ್ಲಿ ಆ ರಕ್ತವಿಲ್ಲ.

ಅವನು ಮಾಡಿದ್ದು ಸರಿಯೇ? ಆ ಗಾಯವೂ ಈ ಕಸುಬಿನ ಸತ್ಯವಲ್ಲವೇ? ಬಹಳ ದಿನ ಯೋಚಿಸಿದೆ. ಬೆಂಗಳೂರಿನ ಚಲಂ ಬೆನ್ನೂರಕರ್ 1990ರಲ್ಲಿ ಶಿವಕಾಶಿಯ ಬಾಲ ಕಾರ್ಮಿಕರ ಬಗ್ಗೆ ‘ಕುಟ್ಟಿ ಜಪಾನಿನ್ ಕುಳಂದೈಗಳ್’ ಎಂಬ ಸಾಕ್ಷ್ಯಚಿತ್ರ ಮಾಡಿದರು. ಬೆಂಕಿಪೊಟ್ಟಣದ ಮುಂದೆ ಕೂತ ಒಂದು ಮಗುವಿನ ಕೈಯಿಂದ ಕಡ್ಡಿ ಕಿತ್ತುಕೊಂಡಿದ್ದರೆ ಆ ಮಗುವಿಗೆ ಬಿಡುಗಡೆ ಸಿಗುತ್ತಿರಲಿಲ್ಲ. ನಾಳೆ ಮತ್ತೆ ಅಲ್ಲಿಗೇ ಬರುತ್ತಿತ್ತು. ಅಲ್ಲಿ ಕಣ್ಣು ಕೀಳದೆ ನೋಡುವುದು, ನೋಡಿದ್ದನ್ನು ಊರಿಗೆಲ್ಲ ತೋರಿಸುವುದೇ ಕೈಯ ಕೆಲಸವಾಗಿತ್ತು. ನಮ್ಮ ಅಂಗಳದ ಗಾಯಕ್ಕೆ ಒಂದು ಬಟ್ಟೆಯ ಚೂರು ಸಾಕಿತ್ತು. ನನ್ನ ಕೈಗೆ ನಿಲುಕುವ ನೋವನ್ನು ಬರೀ ನೋಡುವುದು ಕಳವು. ನಿಲುಕದ ನೋವಿನಿಂದ ಮುಖ ತಿರುಗಿಸುವುದೂ ಕಳವೇ. ಎರಡರ ನಡುವಿನ ಗೆರೆಯನ್ನು ಪ್ರತಿ ಸಲವೂ ಹೊಸದಾಗಿ ಹುಡುಕಬೇಕು.

ಹೀಗೆಲ್ಲ ತೀರ್ಮಾನಿಸಿ ನೆಮ್ಮದಿಯಾಗಿದ್ದೆ. ಆಮೇಲೊಮ್ಮೆ ಹುಡುಗ ಚಿತ್ರ ತಂದು ನಡುಮನೆಯಲ್ಲಿ ತೋರಿಸಿದ. ದೊಡ್ಡಮ್ಮ ತನ್ನನ್ನು ತಾನು ನೋಡಿಕೊಳ್ಳಲಿಲ್ಲ. ಅವಳು ಸುಲಿದ ಕಾಯಿ ಹೊರುತ್ತಿದ್ದಳು, ಒಡೆಯುತ್ತಿದ್ದಳು, ಕರಟ ಗುಡಿಸುತ್ತಿದ್ದಳು. ಹಿಂದೆ ಕಂಬಕ್ಕೊರಗಿ, ಕೈಕಟ್ಟಿಕೊಂಡು ಒಬ್ಬ ನಿಂತಿದ್ದ.

“ಅವ್ನಾದ್ರೂ ಕ್ಯಾಮೆರಾ ಹಿಡ್ಕಂಡಿದ್ದ ಕಣ್ಲಾ,” ಎಂದಳು ದೊಡ್ಡಮ್ಮ. “ನೀನೇನು ಹಿಡ್ಕಂಡಿದ್ದೆ?”